ಗ್ರಹಣದ ನೀರಿನಲ್ಲಿ ನಿಂತ ವೈನಿ

ನಿನ್ನೆ ದೊಡ್ಡ ಮೊಮ್ಮಗ ಬೀರೋಬಾನ ಗುಡಿಯಿಂದ ತಂದ ಭಂಡಾರದ ಪುಡಿಕೆಯನ್ನು ಅಡುಗೆಕಟ್ಟೆಯ ಮೇಲೆ ಬಿಚ್ಚಿದ. ಅರಿಶಿನದ ಆ ಒಣ ಘಾಟು ಮೂಗಿಗೆ ಬಂದದ್ದೇ ತಡ, ಸೋಲಾಪುರದ ಈ ಮನೆ ನನಗೆ ಮರೆತುಹೋಯಿತು. ಅಕ್ಕಲಕೋಟದ ಕಡೆಯ ನಮ್ಮ ಹಳ್ಳಿ, ಅಂಗಳದ ಗಿಡ್ಡ ಗೋಡೆ, ಗೋಡೆಯಾಚೆ ವೈನಿ... ಅವರು ನಮ್ಮ ಬಂಧುವಲ್ಲ, ಪಕ್ಕದ ಮನೆಯ ಸೊಸೆ. ನನಗಿಂತ ತುಸು ಹಿರಿಯರೆಂದು ವೈನಿ, ಅಂದರೆ ಅತ್ತಿಗೆ, ಎನ್ನುತ್ತಿದ್ದೆ. ಮಕ್ಕಳೇ, ನೀವು ಕನ್ನಡ ಓದಲು ತಡವರಿಸುತ್ತೀರಿ. ನಿಮ್ಮ ಅಪ್ಪ ಓದಿ ಹೇಳಲಿ. ಇದು ಅವನ ಕಥೆಯೂ ಹೌದು.

ನಮ್ಮೂರಲ್ಲಿ ಮಂತ್ರ ಬಲ್ಲ ಎರಡು ಮನೆತನಗಳಿದ್ದವು. ಮೇಲಿನ ಓಣಿಯವರು ಭಂಡಾರ ಹಾಕಿ ದೆವ್ವ ಬಿಡಿಸುತ್ತಿದ್ದರು, ಕುರಿದನಗಳ ದೃಷ್ಟಿ ತೆಗೆಯುತ್ತಿದ್ದರು. ಕೆಳಗಿನ ಓಣಿಯವರು ಬೇವಿನ ಎಸಳಿನಿಂದ ಹಾವು ಚೇಳಿನ ವಿಷ ಇಳಿಸುತ್ತಿದ್ದರು. ಒಬ್ಬರ ಕೆಲಸಕ್ಕೆ ಇನ್ನೊಬ್ಬರು ಕೈಹಾಕಿ ಹಗೆ ಬೆಳೆದಿತ್ತು. ಇವರ ಎಮ್ಮೆ ಹಾಲು ಬತ್ತಿದರೆ ಅವರ ಮಾಟ, ಅವರ ಸೊಸೆಗೆ ಬಸಿರು ನಿಲ್ಲದಿದ್ದರೆ ಇವರ ಮಾಟ. ಒಂದು ಮನೆಗೆ ಹೋದವರನ್ನು ಇನ್ನೊಂದು ಮನೆ ಹೊಸ್ತಿಲು ತುಳಿಯಗೊಡುತ್ತಿರಲಿಲ್ಲ. "ದೆವ್ವಿಗಿ ಅಂಜಬ್ಯಾಡ್ರಿ, ಬಿಡಸವರಿಗಿ ಅಂಜ್ರಿ" ಎಂದು ನಿಮ್ಮಜ್ಜ ನಗುತ್ತಿದ್ದರು. ನಗುತ್ತಲೇ ಮುಂದೆ ನಮ್ಮ ತೊಟ್ಟಿಲಿಗೆ ಎರಡೂ ಮನೆಯ ತಾಯತ ಗುಟ್ಟಾಗಿ ಕಟ್ಟಿದರು.

ನಾನು ಸೊಸೆಯಾಗಿ ಬಂದ ವರ್ಷವೇ ಊರ ಹಿರಿಯರು ಇಬ್ಬರನ್ನೂ ಬೀರೋಬಾನ ಗುಡಿಯಲ್ಲಿ ಕೂಡಿಸಿದ್ದರು. ಎರಡೂ ಮನೆಯವರು ಒಂದೇ ತಟ್ಟೆಯ ಭಂಡಾರ ಮುಟ್ಟಿ ಆಣೆ ಮಾಡಿದರು. ಮಾಟದ ಮಾತು ಇನ್ನು ಎತ್ತಬಾರದು. ದೆವ್ವ ಮೇಲಿನವರಿಗೆ, ವಿಷ ಕೆಳಗಿನವರಿಗೆ. ಆಣೆ ಗಟ್ಟಿಯಾಗಲೆಂದು ಕೆಳಗಿನ ಮನೆಯ ಮಗಳನ್ನು ಮೇಲಿನ ಮನೆಗೆ ಕೊಟ್ಟರು. ಅವರೇ ವೈನಿ. ಗಂಡುಮಕ್ಕಳಿಲ್ಲದ ಅಪ್ಪ ವಿಷದ ಮಂತ್ರವನ್ನು ಅವರಿಗೇ ಕಲಿಸಿದ್ದ. ಸೊಸೆಯಾದ ಮೇಲೆ ಅದನ್ನು ಬಾಯಿಗೆ ತರಬಾರದು, ಸಾಯಲು ಬಿಡಬೇಕು ಎಂದು ಮೇಲಿನವರು ಕೇಳಿದರು. ಗ್ರಹಣ ಹಿಡಿದಾಗ ಹರಿಯುವ ನೀರಲ್ಲಿ ನಿಂತು ಜಪಿಸದಿದ್ದರೆ ಮಂತ್ರ ತಾನಾಗಿ ಸಾಯುತ್ತದೆ ಎಂಬುದು ನಮ್ಮ ಕಡೆಯ ನಂಬಿಕೆ. ವೈನಿಯೂ ಭಂಡಾರ ಮುಟ್ಟಿ ಒಪ್ಪಿದರು. ಎರಡೂ ಓಣಿಯ ಹೆಂಗಸರು ಒಂದೇ ಬಾವಿಗೆ ಕೊಡ ಇಳಿಬಿಡುವಂತಾಯಿತು.

ಮುಂದೆ ವೈನಿಯ ಅಪ್ಪ ತೀರಿಕೊಂಡ. ಅವರ ಕಾಕಂದಿರಿಗೆ ಮಂತ್ರ ಬರುತ್ತಿರಲಿಲ್ಲ, ವಿಷ ಇಳಿಸುವವರು ಊರಲ್ಲಿ ಯಾರೂ ಉಳಿಯಲಿಲ್ಲ. ಒಂದು ಸೂರ್ಯಗ್ರಹಣದ ಹೊತ್ತು, ಊರೆಲ್ಲ ಬಾಗಿಲು ಹಾಕಿ ಕುಳಿತಿತ್ತು. ಹಗ್ಗ ಬಿಚ್ಚಿಕೊಂಡ ಕರುವನ್ನು ಹುಡುಕುತ್ತ ಹೋದ ನಾನು ಹಳ್ಳದಲ್ಲಿ ವೈನಿಯನ್ನು ಕಂಡೆ. ಮೊಣಕಾಲ ಮಟ್ಟದ ನೀರಲ್ಲಿ ನಿಂತಿದ್ದರು. ದಂಡೆಯ ಮೇಲೆ ಒಗೆಯಲೆಂದು ತಂದ ಬಟ್ಟೆ ನೀರು ಮುಟ್ಟದೆ ಹಾಗೆಯೇ ಇತ್ತು. ತುಟಿ ಅಲುಗುತ್ತಿತ್ತು. ಅದು ಮೊದಲ ಸಲವಲ್ಲ ಎಂದು ಅವರು ನಿಂತ ರೀತಿಯೇ ಹೇಳುತ್ತಿತ್ತು.

ಮನೆಗೆ ಮರಳುವ ದಾರಿಯಲ್ಲಿ ಅವರು ಅಂದದ್ದು ಇಷ್ಟೇ. "ಊರಾಗ ಹುಡುಗೂರು ಅದಾವ, ತಂಗಿ. ಯಾರರೆ ಒಬ್ರಿಗಿ ಬರಬೇಕಲ್ಲ."

ನಾನು ಯಾರಿಗೂ ಹೇಳಲಿಲ್ಲ.

ಮುಂದಿನ ಬೇಸಿಗೆಯಲ್ಲಿ, ಸಗಣಿ ಕುಳ್ಳಿನ ಬುಟ್ಟಿಯ ಹತ್ತಿರ ಆಡುತ್ತಿದ್ದ ನಿಮ್ಮ ಅಪ್ಪನ ಕಾಲಿಗೆ ಕೆಂಪು ಚೇಳು ಕಡಿಯಿತು. ಇನ್ನೂ ತೊದಲು ಮಾತಿನ ಕೂಸು. ಮೈಯೆಲ್ಲ ಬೆವರಿ ಕೈಕಾಲು ತಣ್ಣಗಾದವು. ನಿಮ್ಮಜ್ಜ ಜೀಪು ತರಲು ಓಡಿದರು. ನನ್ನ ಅಳು ಕೇಳಿ ವೈನಿ ಗೋಡೆಯ ಹತ್ತಿರ ಬಂದರು. ಅವರ ಬೆನ್ನಿಗೇ ಅವರ ಅತ್ತೆ.

"ಗ್ವಾಡಿ ದಾಟಿದೆಂದ್ರ ಆಣಿ ಮುರೀತದ," ಎಂದಳು ಆಕೆ. "ತಿರುಗಿ ಈ ಮನಿಗಿ ಬರಬ್ಯಾಡ."

"ಆಣಿ ಮಾಡಿದ್ದು ನಾವ್ರಿ ಅತ್ತಿ, ಈ ಕೂಸಲ್ಲ."

ವೈನಿ ಗೋಡೆ ದಾಟಿದರು. ಬೇವಿನ ಎಸಳು ಮುರಿದು ತೊಡೆಯಿಂದ ಪಾದಕ್ಕೆ ಇಳಿಸುತ್ತ, ಯಾರಿಗೂ ಕೇಳದಂತೆ ಮಂತ್ರ ಹೇಳಿದರು. ಜೀಪು ಬಂದಾಗ ಕೂಸನ್ನು ನನ್ನ ಮಡಿಲಿಗೆ ಎತ್ತಿಕೊಟ್ಟು, "ದವಾಖಾನ್ಯಾಗ ಸೂಜೀನೂ ಮಾಡಸ್ರಿ. ಎರಡೂ ಇರ್ಲಿ," ಎಂದರು.

ಕೂಸು ಉಳಿಯಿತು. ಅಕ್ಕಲಕೋಟದಿಂದ ನಾವು ಮರಳಿದಾಗ ವೈನಿಯ ಟ್ರಂಕು ಅವರ ಮನೆಯ ಹೊರಗಿನ ಕಟ್ಟೆಯ ಮೇಲಿತ್ತು. ತವರಿನ ಕಾಕಂದಿರೂ ಬಾಗಿಲು ತೆರೆಯಲಿಲ್ಲ, ಅವರ ಆಣೆಯೂ ಮುರಿದಿತ್ತಲ್ಲ. ನಮ್ಮಲ್ಲಿ ಇರ್ರಿ ಎಂದು ನಾವು ಕೈಮುಗಿದೆವು. "ನಿಮ್ಮ ಮ್ಯಾಲ ಬರತದ," ಎಂದು ಟ್ರಂಕು ಹೊತ್ತು ನಡೆದರು. ಅವರು ಹೋದ ಮೇಲೆ ಎರಡೂ ಮನೆಯವರು ಮತ್ತೆ ಗುಡಿಯಲ್ಲಿ ಕೂಡಿ ಭಂಡಾರ ಮುಟ್ಟಿದರು. ಶಾಂತಿ ಉಳಿಯಿತು ಎಂದು ಊರವರು ಸಮಾಧಾನಪಟ್ಟರು. ನಾನು ಬಹಳ ಕಾಲ ಆ ಬಾವಿ ಬಿಟ್ಟು ಹಳ್ಳದಿಂದಲೇ ನೀರು ತಂದೆ...

ವರ್ಷಗಳ ಮೇಲೆ ಅಕ್ಕಲಕೋಟದಲ್ಲಿ, ಯಾತ್ರಿಕರು ಉಣ್ಣುವಲ್ಲಿ, ವೈನಿ ಪಾತ್ರೆ ತೊಳೆಯುತ್ತ ಕುಳಿತಿದ್ದರು. ಮಂತ್ರದ ಮಾತೆತ್ತಿದೆ.

"ಈಗ ಗ್ರಹಣ ಬಂದ್ರ ಒಳಗ ಕುಂಡರ್ತೀನಿ. ಸತ್ತದ ಅದು." ಆಮೇಲೆ ಬೂದಿಯ ಕೈಯನ್ನು ಹಣೆಗಡ್ಡ ಹಿಡಿದು ನನ್ನನ್ನು ನೋಡಿದರು. "ಹುಡುಗ ಹ್ಯಾಂಗದಾನ?"

ನಾನು ಬಾಯಿ ತೆರೆಯುವಷ್ಟರಲ್ಲಿ ಒಳಗಿನಿಂದ ಕರೆ ಬಂತು, ಎದ್ದು ಹೋದರು. ನಮ್ಮ ಬಸ್ಸಿನ ಹೊತ್ತಾಗಿತ್ತು. ಮತ್ತೊಮ್ಮೆ ಹೋದಾಗ, ಅವರು ತೀರಿಕೊಂಡರೆಂದು ಅಲ್ಲಿಯವರು ಹೇಳಿದರು.

ಸೂಜಿಯಿಂದ ಉಳಿದೆ ಎನ್ನುತ್ತಾನೆ ನಿಮ್ಮ ಅಪ್ಪ. ಇರಬಹುದು. ಯಾವುದು ಉಳಿಸಿತೆಂದು ನನಗೆ ಗೊತ್ತಿಲ್ಲ. ಅವರು ಗೋಡೆ ದಾಟಿದ್ದನ್ನು ಮಾತ್ರ ನಾನು ಕಣ್ಣಾರೆ ನೋಡಿದ್ದೇನೆ. ಮೊಮ್ಮಗ ತಂದ ಭಂಡಾರವನ್ನು ನಾನಿನ್ನೂ ಹಣೆಗೆ ಹಚ್ಚಿಲ್ಲ.

ಹೋದ ಗ್ರಹಣದಂದು ನೀವೆಲ್ಲ ಮಾಳಿಗೆ ಏರಿದ್ದಿರಿ. ಇಲ್ಲಿ ಹಳ್ಳ ಎಲ್ಲಿದೆ? ನಾನು ಬಚ್ಚಲಿನ ನಲ್ಲಿ ಬಿಟ್ಟು ಅದರಡಿ ಕಾಲಿಟ್ಟು ನಿಂತಿದ್ದೆ. "ಆಜೀ, ಪಾಣೀ ವಾಯಾ ಚಾಲ್ಲಯ" ಎಂದು ಸಣ್ಣವಳು ಬೈದಳು. ಹೌದು, ನೀರು ಪೋಲಾಯಿತು. ನನಗೆ ಯಾವ ಮಂತ್ರವೂ ಬಾರದು. ಅಂದು ಕೊಡಲಾಗದ ಉತ್ತರ ಒಂದಿತ್ತು, ಅದನ್ನೇ ಹೇಳುತ್ತ ನಿಂತಿದ್ದೆ. ಹುಡುಗ ಆರಾಮ ಅದಾನ್ರಿ, ವೈನಿ.