ಎಪ್ಪತ್ತು ಪೈಸೆಯ ಬಡ್ಡಿ, ಒಂದು ಡಬ್ಬಿ ಉಂಡೆ

ಕಳೆದ ಭಾನುವಾರ ಮಿಯಾಪುರದ ನಮ್ಮ ಅಪಾರ್ಟ್‌ಮೆಂಟಿನ ಕ್ಲಬ್‌ಹೌಸಿನಲ್ಲಿ ಗೃಹಸಾಲದ ಮೇಳ ಇಟ್ಟಿದ್ದರು. ಮಗಳು ಇದೇ ಕಾಂಪೌಂಡಿನಲ್ಲಿ ಒಂದು ಫ್ಲ್ಯಾಟ್ ನೋಡಿದ್ದಾಳೆ, ಅವಳ ಜೊತೆ ನಾನೂ ಹೋದೆ. ಬಾಗಿಲಲ್ಲೇ ಟೈ ಕಟ್ಟಿದ ಹುಡುಗನೊಬ್ಬ ತಟ್ಟೆ ಮುಂದೆ ಹಿಡಿದ. ಬೇಸನ್ ಉಂಡೆ. ಹುರಿದ ಕಡಲೆಹಿಟ್ಟು, ಬಿಸಿ ತುಪ್ಪ, ಯಾಲಕ್ಕಿ ಎಲ್ಲ ಸೇರಿದ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನನ್ನ ಮೈ ಉರಿಯಿತು. ಸಿಹಿ ಕಂಡು ಸಿಟ್ಟಾಗುವ ಹೆಂಗಸನ್ನು ಆ ಹುಡುಗ ಅವತ್ತೇ ಮೊದಲು ನೋಡಿರಬೇಕು. ಅವನ ತಪ್ಪೇನಿಲ್ಲ ಪಾಪ. ಆ ವಾಸನೆ ನನ್ನನ್ನು ಕೂಕಟ್‌ಪಲ್ಲಿಯ ಹಳೇ ಮನೆಗೆ, ಎದುರು ಮನೆಯ ಕಾಕುವಿನ ಅಡುಗೆಕೋಣೆಗೆ ಎಳೆದುಕೊಂಡು ಹೋಗಿತ್ತು...

ಕಾಕು ವಿಜಯಪುರದ ಕಡೆಯವರು, ಅಲ್ಲಿ ಚಿಕ್ಕಮ್ಮನಿಗೆ ಕಾಕು ಅನ್ನುತ್ತಾರೆ. ಗಂಡ ಬಾಲಾನಗರದ ಒಂದು ವರ್ಕ್‌ಶಾಪಿನಲ್ಲಿ ಲೇತ್ ಮಷೀನಿನ ಮೇಲೆ ಕೆಲಸ ಮಾಡುತ್ತಿದ್ದರು. ಅವರನ್ನು ನಾವು ಕಾಕಾ ಅನ್ನುತ್ತಿದ್ದೆವು. ಮಾತು ಕಡಿಮೆ, ನಗು ಜಾಸ್ತಿ. ನಾನು ದಾವಣಗೆರೆಯಿಂದ ಮದುವೆಯಾಗಿ ಬಂದವಳು. ತೆಲುಗು ಬಾರದೆ ತರಕಾರಿಯವನ ಹತ್ತಿರ ಕೈಸನ್ನೆಯಲ್ಲಿ ವ್ಯಾಪಾರ ಮಾಡುತ್ತಿದ್ದ ಆ ದಿನಗಳಲ್ಲಿ ಎದುರು ಬಾಗಿಲಿನಿಂದ "ಯಾ ಊರವಾ ತಂಗಿ?" ಅನ್ನುವ ಕನ್ನಡ ಕೇಳಿ ಅಳುವಷ್ಟು ಖುಷಿಯಾಗಿತ್ತು. ನಸುಕಿನಲ್ಲಿ ಅವರು ಜೋಳದ ರೊಟ್ಟಿ ಬಡಿಯುವ ಸದ್ದಿಗೇ ನಮ್ಮ ಮನೆ ಏಳುತ್ತಿತ್ತು. ಸುತ್ತಲಿನ ಪೀಜಿಗಳಲ್ಲಿದ್ದ ನಮ್ಮ ಕಡೆಯ ಹುಡುಗರಿಗೆಲ್ಲ ಅವರದೇ ರೊಟ್ಟಿ, ಅವರದೇ ಶೇಂಗಾ ಚಟ್ನಿ.

ಅವರ ಫ್ಲ್ಯಾಟು ಸ್ವಂತದ್ದು. ಸ್ವಂತದ್ದು ಅಂದರೆ... ಅಲ್ಲೇ ಇರುವುದು ಕಥೆ.

ಕಾಕುವಿನ ಊರಲ್ಲಿ ಬಡ್ಡಿಯನ್ನು ನೂರಕ್ಕೆ ತಿಂಗಳಿಗೆ ಇಷ್ಟು ರೂಪಾಯಿ ಅಂತ ಹೇಳುತ್ತಾರೆ. ಇಲ್ಲಿ ತೆಲಂಗಾಣದವರ ಲೆಕ್ಕವೂ ಅದೇ. ನಾದಿನಿಯ ಮದುವೆಗೆ ಮೂರು ರೂಪಾಯಿ ಬಡ್ಡಿಯಲ್ಲಿ ಸಾಲ ತಂದು, ಕಿವಿಯ ಝುಮುಕಿ ಮಾರಿ ತೀರಿಸಿದ ಹೆಂಗಸು ಅವರು. ಬಡ್ಡಿ ಅಂದರೆ ಏನು ಅಂತ ಅವರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಹಾಗಿದ್ದ ಮನೆಗೆ ಒಂದು ದಿನ ಸಾಲ ಕೊಡಿಸುವ ಏಜೆಂಟನೊಬ್ಬ ಬಂದು, ಎರಡು ರೊಟ್ಟಿ ತಿಂದು, "ಕಿರಾಯೇ ಕೆ ಪೈಸೋಂ ಮೇ ಖುದ್ ಕಾ ಘರ್ ಅಮ್ಮಾ, ಔರ್ ಕ್ಯಾ ಹೋನಾ?" ಅಂದನಂತೆ. ಬಾಡಿಗೆಯ ದುಡ್ಡಲ್ಲೇ ಸ್ವಂತ ಮನೆ, ಇನ್ನೇನು ಬೇಕು! ವರ್ಷಕ್ಕೆ ಎಂಟೂ ಕಾಲು ಬಡ್ಡಿ. ಕಾಕು ಅದನ್ನು ಹನ್ನೆರಡು ತಿಂಗಳಿಗೆ ಹಂಚಿ ನೋಡಿದರು. ನೂರಕ್ಕೆ ಎಪ್ಪತ್ತು ಪೈಸೆಯೂ ಆಗಲಿಲ್ಲ.

"ಎಪ್ಪತ್ತು ಪೈಸಾ ಅಂದ್ರ ಮುಫತ್ ಇದ್ದಂಗ ನೋಡವಾ. ಸರಕಾರ ಬಡವ್ರ ಮ್ಯಾಲ ಕರುಣಾ ತೋರ್ಸೈತಿ," ಅಂತ ನನಗೆ ಎಷ್ಟೋ ಸಲ ಹೇಳಿದ್ದರು.

ಸಾಲ ಹದಿನೆಂಟು ಲಕ್ಷ. ಕಂತು ತಿಂಗಳಿಗೆ ಹದಿನೈದು ಸಾವಿರದ ಮೇಲೆ ಚಿಲ್ಲರೆ. ಇಪ್ಪತ್ತು ವರ್ಷ, ಅಂದರೆ ಕಾಕಾ ಕೆಲಸದಿಂದ ನಿವೃತ್ತರಾಗುವ ಹೊತ್ತಿಗೆ ಸರಿಯಾಗಿ ಮುಗಿಯಬೇಕು. ಕಂತಿನ ಅರ್ಧ ಕಾಕಾ ಪಗಾರದಿಂದ, ಅರ್ಧ ಕಾಕು ರೊಟ್ಟಿಯಿಂದ. ಒಂದೇ ಒಂದು ತಿಂಗಳೂ ತಪ್ಪಲಿಲ್ಲ. ಮೈ ಕೆಂಡದಂತೆ ಜ್ವರ ಇದ್ದಾಗಲೂ ಕಾಕು ಒಲೆಯ ಮುಂದೆ ಕೂತದ್ದು ನಾನು ಕಣ್ಣಾರೆ ಕಂಡಿದ್ದೇನೆ.

ಇನ್ನೊಂದು ಹೇಳಬೇಕು. ಆ ಮನೆಗೆ ವಾಸ್ತುಶಾಂತಿ, ಗೃಹಪ್ರವೇಶ ಯಾವುದೂ ಆಗಿರಲಿಲ್ಲ. ದೇವರ ಫೋಟೋ, ಒಂದು ತಂಬಿಗೆ ನೀರು ಹಿಡಿದುಕೊಂಡು ಗಂಡ ಹೆಂಡತಿ ಸುಮ್ಮನೆ ಒಳಗೆ ಬಂದಿದ್ದರು, ಅಷ್ಟೇ. ಹಾಲು ಉಕ್ಕಿಸಲಿಲ್ಲ, ಊಟ ಹಾಕಲಿಲ್ಲ. ಅತ್ತೆ ಕಾಲದಿಂದ ಬಂದ ಮಾತಂತೆ, ಸಾಲದ ಮನೆಗೆ ಸಂಭ್ರಮ ಮಾಡಬಾರದು. "ಸಾಲ ಹರೀಲಿ. ಅವತ್ತ ಹಾಲ ಉಕ್ಕಿಸಿ ಇಡೀ ಬಿಲ್ಡಿಂಗಿಗೆ ಹೋಳಗಿ ಹಾಕ್ತೀನಿ. ವಾಚ್‌ಮನ್‌ಗೂ ಎರಡು ಹೆಚ್ಚಿಗಿ!" ಅನ್ನುತ್ತಿದ್ದರು. ಆ ಹೋಳಿಗೆ ನಮ್ಮ ಬಿಲ್ಡಿಂಗಿನಲ್ಲಿ ಒಂದು ತಮಾಷೆಯಾಗಿಬಿಟ್ಟಿತ್ತು. ಲಿಫ್ಟಿನಲ್ಲಿ ಕಾಕು ಸಿಕ್ಕರೆ ಸಾಕು, ಮೇಲಿನ ಮನೆಯವರೂ "ಆಂಟೀ, ಬೊಬ್ಬಟ್ಲು ಎಪ್ಪುಡು?" ಅಂತ ಕೇಳುತ್ತಿದ್ದರು. ಹೋಳಿಗೆ ಯಾವಾಗ ಅಂತ. ಕಾಕು ಬೆರಳು ಮಡಿಸಿ ವರ್ಷ ತೋರಿಸುತ್ತಿದ್ದರು.

ಸಾಲ ತೆಗೆದು ಎರಡು ವರ್ಷ ಆಗಿರಬಹುದು, ಎಲ್ಲ ಕಡೆ ಬಡ್ಡಿ ಏರಿತು. ಮೇಲಿನ ಮನೆಯವರ ಕಂತು ಎರಡು ಸಾವಿರದ ಹತ್ತಿರ ಹೆಚ್ಚಾಯಿತು. ಆ ಮನೆಯಾಕೆ ಮೆಟ್ಟಿಲ ಮೇಲೆ ಕೂತು ಕಣ್ಣೀರು ಹಾಕಿದರು. ಕಾಕು ಗಾಬರಿಯಾಗಿ ತಮ್ಮ ಪಾಸ್‌ಬುಕ್ ತುಂಬಿಸಿಕೊಂಡು ಬಂದರು. ಕಂತು ಅಷ್ಟೇ ಇತ್ತು! ಒಂದು ರೂಪಾಯಿಯೂ ಏರಿರಲಿಲ್ಲ. ತಮ್ಮ ಬ್ಯಾಂಕಿನವರು ದೇವರಂಥವರು, ರೊಟ್ಟಿ ಮಾರುವವಳೆಂದು ಕನಿಕರಪಟ್ಟು ಬಿಟ್ಟಿದ್ದಾರೆ ಅಂತ ಅವರು ತಿಳಿದರು. ತಿಳಿದು ಸುಮ್ಮನಿದ್ದರೇ? ಬೇಸನ್ ಹುರಿದು, ಮನೆಯ ತುಪ್ಪ ಸುರಿದು, ಉಂಡೆ ಕಟ್ಟಿದರು. ತವರಿನವರು ಮದುವೆಯಲ್ಲಿ ಹೆಸರು ಕೆತ್ತಿಸಿ ಕೊಟ್ಟಿದ್ದ ಸ್ಟೀಲ್ ಡಬ್ಬಿಯಲ್ಲಿ ತುಂಬಿದರು. ನನ್ನನ್ನು ಕರೆದುಕೊಂಡು ಬ್ಯಾಂಕಿಗೆ ಹೊರಟರು.

ಮ್ಯಾನೇಜರು ಎದ್ದು ನಿಂತು ಡಬ್ಬಿ ಇಸಿದುಕೊಂಡರು. ನಮ್ಮೆದುರಿಗೇ ಎರಡು ಉಂಡೆ ತಿಂದರು. "ನಮ್ಮ ಕಂತು ಏರಿಸಲಿಲ್ಲ, ನಿಮ್ಮ ಉಪಕಾರ ಮರೆಯೋದಿಲ್ಲ" ಅಂತ ಕಾಕು ತಮ್ಮ ಹರಕು ಹಿಂದಿಯಲ್ಲಿ ಹೇಳಿದಾಗ ಆ ಮನುಷ್ಯ ಮೀಸೆಗೆ ಅಂಟಿದ ಹಿಟ್ಟು ಒರೆಸಿಕೊಂಡು ನಕ್ಕರು. "ಆಪ್ ಜೈಸೇ ಕಸ್ಟಮರ್ ಹೋನಾ ಅಮ್ಮಾ," ಅಂದರು. ನಿಮ್ಮಂಥ ಗಿರಾಕಿಗಳು ಬೇಕು! ಹೌದು, ಬೇಕೇ ಬೇಕು. ಬಡ್ಡಿ ಏರಿದ್ದು ಕಾಕುವಿಗೂ ಏರಿತ್ತು. ಕಂತು ಏರಿಸುವ ಬದಲು ವರ್ಷಗಳನ್ನು ಏರಿಸಿದ್ದರು, ಅಷ್ಟೇ. ಬೆಣ್ಣೆಯಲ್ಲಿ ಕೂದಲು ತೆಗೆದಷ್ಟು ನಯವಾಗಿ. ಅದು ಆ ಮನುಷ್ಯನಿಗೆ ಗೊತ್ತಿತ್ತು. ಎರಡನೇ ಉಂಡೆ ಬಾಯಿಗಿಡುವಾಗಲೂ ಗೊತ್ತಿತ್ತು. ನಮಗಿಬ್ಬರಿಗೂ ಗೊತ್ತಿರಲಿಲ್ಲ.

ಆ ಡಬ್ಬಿ ವಾಪಸು ಬರಲಿಲ್ಲ. ನಮ್ಮಲ್ಲಿ ಯಾರ ಮನೆಯ ಡಬ್ಬಿಯನ್ನೂ ಬರಿದಾಗಿ ಹಿಂದಿರುಗಿಸುವುದಿಲ್ಲ, ಏನಿಲ್ಲದಿದ್ದರೂ ಒಂದು ಹಿಡಿ ಸಕ್ಕರೆ ಹಾಕಿ ಕೊಡುತ್ತೇವೆ. ಕಾಕು ಒಂದೆರಡು ಸಲ ಬ್ಯಾಂಕಿಗೆ ಹೋದಾಗ ಕೇಳಿದರು. ಆಮೇಲೆ ಬಿಟ್ಟರು. "ಖಾಲಿ ಕೊಡಬಾರ್ದಂತ ಇಟ್ಕೊಂಡಿರಬೇಕ ಬಿಡವಾ. ತುಂಬಿ ಕೊಡ್ತಾರ," ಅಂತ ನಕ್ಕರು.

ಹೀಗೆ ಒಂಬತ್ತು ವರ್ಷ ಕಳೆಯಿತು. ಬಾಲಾನಗರದ ವರ್ಕ್‌ಶಾಪಿನ ಮಾಲೀಕ ಜಾಗ ಮಾರಿ, ಕೆಲಸಗಾರರಿಗೆಲ್ಲ ಲೆಕ್ಕ ಚುಕ್ತಾ ಮಾಡಿ ಕಳಿಸಿದ. ಕಾಕಾನಿಗೆ ಪಿ.ಎಫ್., ಗ್ರಾಚ್ಯುಟಿ ಎಲ್ಲ ಸೇರಿ ಏಳು ಲಕ್ಷ ಬಂತು. ಕೆಲಸ ಹೋದ ಮನೆಯಲ್ಲಿ ಸೂತಕವಿರಬೇಕಿತ್ತು. ಇಲ್ಲಿ ಹಬ್ಬ! ಯಾಕೆಂದರೆ ಕಾಕುವಿನ ಲೆಕ್ಕ ಹೀಗಿತ್ತು: ಇಪ್ಪತ್ತರಲ್ಲಿ ಒಂಬತ್ತು ವರ್ಷ ಹೋಯಿತು, ಅಂದರೆ ಸಾಲ ಅರ್ಧದ ಹತ್ತಿರ ಹರಿಯಿತು. ಉಳಿದದ್ದು ಹೆಚ್ಚೆಂದರೆ ಹತ್ತು ಲಕ್ಷ. ಏಳು ಕೈಯಲ್ಲಿದೆ, ಬಳೆ ಮಾಂಗಲ್ಯದ ಸರ ಕೊಟ್ಟರೆ ಮಿಕ್ಕದ್ದೂ ಆಗುತ್ತದೆ. ಕಾಕಾ ಎಲ್ಲೋ ಸಣ್ಣ ಕೆಲಸ ಹಿಡಿದರೂ ಸಾಕು, ಮನೆ ನಮ್ಮದು. ಭಟ್ಟರನ್ನು ಕೇಳಿ ಮುಹೂರ್ತವನ್ನೂ ಇಡಿಸಿದರು. ಹತ್ತು ಕಿಲೋ ಕಡಲೆಬೇಳೆ ಮನೆಗೆ ಬಂತು. ಬಿಲ್ಡಿಂಗಿನ ಪ್ರತಿ ಬಾಗಿಲು ತಟ್ಟಿ, "ಊಟಕ್ಕ ಬರಬೇಕ್ರಿ" ಅಂತ ಕುಂಕುಮ ಹಚ್ಚಿ ಕರೆದು ಬಂದರು.

ಸಾಲ ಮುಗಿಸುವುದಕ್ಕೆ ಅಂತ ಬ್ಯಾಂಕಿಗೆ ಹೋದಾಗ ಜೊತೆಗೆ ನಾನೇ ಇದ್ದೆ. ಮ್ಯಾನೇಜರು ಬದಲಾಗಿದ್ದರು. ಈಗ ಇದ್ದ ಹೆಣ್ಣುಮಗಳು ಕಂಪ್ಯೂಟರು ನೋಡಿ ಹೇಳಿದಳು, ಬಾಕಿ ಹದಿನೈದು ಲಕ್ಷದ ಎಪ್ಪತ್ತು ಸಾವಿರ.

ಕಾಕು ನಕ್ಕುಬಿಟ್ಟರು. ಬೇರೆಯವರದ್ದು ನೋಡ್ತಿದ್ದೀರಿ, ನಮ್ಮದು ನೋಡಿ ಅಂದರು. ಅವಳು ಪರದೆಯನ್ನು ಈ ಕಡೆ ತಿರುಗಿಸಿದಳು. ಹೆಸರು ಅವರದೇ.

"ಒಂಬತ್ತ ವರ್ಷ ತುಂಬೀವ್ರಿ ನಾವು. ಹದಿನಾರೂವರಿ ಲಕ್ಷ ತುಂಬೀವಿ. ಅದೆಲ್ಲಾ ಎಲ್ಲಿ ಹೋತ್ರಿ?"

ನಾನು ತೆಲುಗಿನಲ್ಲಿ ಕೇಳಿದೆ. ಅವಳು ಮೆತ್ತಗೇ ಹೇಳಿದಳು, "ಅದಂತಾ ವಡ್ಡೀಕೇ ಪೋಯಿಂದಮ್ಮಾ." ಅದೆಲ್ಲ ಬಡ್ಡಿಗೇ ಹೋಯಿತು. ಕಂತಿನಲ್ಲಿ ಮೊದಲು ಬಡ್ಡಿ ಮುರಿದುಕೊಳ್ಳುತ್ತಾರೆ, ಉಳಿದ ಚೂರು ಅಸಲಿಗೆ. ಬಡ್ಡಿ ಏರಿದಾಗ ಆ ಚೂರೂ ಸವೆಯುತ್ತದೆ. ಹೀಗೇ ಕಟ್ಟುತ್ತಾ ಹೋದರೆ ಮುಗಿಯಲು ಇನ್ನೆಷ್ಟು ವರ್ಷ ಅಂತ ಕೇಳಿದೆ. ಹದಿನೆಂಟು ಅಂದಳು. ಒಂಬತ್ತು ವರ್ಷ ಕಟ್ಟಿ ಆದಮೇಲೆ, ಹನ್ನೊಂದು ಉಳಿಯಬೇಕಾದ ಕಡೆ, ಹದಿನೆಂಟು!

ನಾನು ಆ ದಿನ ಬ್ಯಾಂಕಿನಲ್ಲಿ ಕೂಗಾಡಿದೆ. ಯಾಕೆ ಹೇಳಲಿಲ್ಲ ಅಂತ ಕೇಳಿದೆ. ಮೆಸೇಜು ಕಳಿಸಿದ್ದೇವೆ ಅಂದರು. ಇಂಗ್ಲಿಷಿನಲ್ಲಿ! ರೊಟ್ಟಿ ಬಡಿಯುವ ಹೆಂಗಸಿಗೆ, ಗುಂಡಿ ಒತ್ತುವ ಫೋನಿಗೆ, ಇಂಗ್ಲಿಷಿನಲ್ಲಿ. ಸಾಲ ಕೊಡುವಾಗ ಮಾತ್ರ ಮನೆಗೆ ಬಂದು, ಅವರಿಗೆ ತಿಳಿಯುವ ಹಿಂದಿಯಲ್ಲಿ ನಕ್ಕು, ರೊಟ್ಟಿ ತಿಂದು ಹೋಗಲು ಬರುತ್ತದೆ. ಸಹಿ ಹಾಕಿದ್ದೀರಲ್ಲ ಅಂದರು. ಹಾಕಿದ್ದಾರೆ, ಎಷ್ಟು ಕಡೆ ಅಂತ ಅವರಿಗೇ ನೆನಪಿಲ್ಲ. ಕಾನೂನಿನ ಪ್ರಕಾರ ಎಲ್ಲ ಸರಿಯಿದೆ ಅಂದರು. ಇದ್ದೀತು. ಆದರೆ ಸರಿಯಿರುವುದನ್ನು ಮುಚ್ಚಿಡಬೇಕಾದ ಗರಜು ಏನಿತ್ತು? ಊರಿನ ಮೂರು ರೂಪಾಯಿ ಬಡ್ಡಿಯ ಸಾಹುಕಾರ ಕಟುಕನೇ ಇರಬಹುದು. ಆದರೆ ಅವನು ಬಡ್ಡಿ ಇಷ್ಟು, ಅಸಲು ಇಷ್ಟು ಅಂತ ಮುಖಕ್ಕೆ ಹೇಳುತ್ತಿದ್ದ. ಅವನಿಗೆ ಯಾರೂ ಉಂಡೆ ಕಟ್ಟಿಕೊಂಡು ಹೋಗುತ್ತಿರಲಿಲ್ಲ. ಕೊಟ್ಟವನು ಕೋಡಂಗಿ, ಇಸ್ಕೊಂಡವನು ಈರಭದ್ರ ಅಂತಾರಲ್ಲ, ಆ ಗಾದೆ ಕಟ್ಟಿದವರು ಗೃಹಸಾಲ ತೆಗೆದಿರಲಿಲ್ಲ ಅಂತ ಕಾಣುತ್ತದೆ.

ಆಟೋದಲ್ಲಿ ಬರುವಾಗ ಕಾಕು ಒಮ್ಮೆ, "ಬ್ಯಾಳಿ ತಂದೀನಿ..." ಅಂದರು. ಅಷ್ಟೇ. ಮನೆಗೆ ಬಂದು ಮತ್ತೆ ಎಲ್ಲ ಬಾಗಿಲು ತಟ್ಟಿದರು, ಊಟ ಇಲ್ಲ ಅಂತ ಹೇಳುವುದಕ್ಕೆ. ಕರೆದ ಊಟವನ್ನು ವಾಪಸು ತೆಗೆದುಕೊಳ್ಳುವ ನಾಚಿಕೆ ಶತ್ರುವಿಗೂ ಬೇಡ. ಆ ಬೇಳೆಯನ್ನು ಕಿರಾಣಿಯವನು ಅರ್ಧ ಬೆಲೆಗೆ ತೆಗೆದುಕೊಂಡ.

ಕಾಕಾನಿಗೆ ಸಿಕ್ಕ ಹೊಸ ಕೆಲಸದ ಪಗಾರದಲ್ಲಿ ಕಂತು ಕಟ್ಟಲು ಆಗಲಿಲ್ಲ. ಕೈಯಲ್ಲಿದ್ದ ಏಳು ಲಕ್ಷ ಕರಗುವ ಮೊದಲೇ ಮನೆ ಮಾರಿದರು. ಬೆಲೆ ಏರಿತ್ತು, ಬ್ಯಾಂಕಿನದು ಕಳೆದೂ ನಾಲ್ಕು ಕಾಸು ಉಳಿಯಿತು. ಲಾಭವಾಯಿತಲ್ಲ ಅಂದ ಜಾಣರೂ ಇದ್ದಾರೆ. ಆ ಲಾಭದಲ್ಲಿ ಈ ಊರಲ್ಲಿ ಒಂದು ಕೋಣೆಯೂ ಬರುತ್ತಿರಲಿಲ್ಲ. ಒಂಬತ್ತು ವರ್ಷದ ರೊಟ್ಟಿಯ ಸದ್ದಿಗೆ ಅವರ ಲಾಭದ ಲೆಕ್ಕದಲ್ಲಿ ಯಾವ ಕಾಲಂ ಇತ್ತೋ ನನಗೆ ತಿಳಿಯದು.

ಕೊಂಡವರು ಎಳೆಯ ದಂಪತಿ, ತೆಲುಗಿನವರು, ಒಳ್ಳೆಯವರು. ಗೃಹಪ್ರವೇಶಕ್ಕೆ ಕಾಕಾ ಕಾಕುವನ್ನೂ ಕರೆದರು. ಹೋಗಬೇಡಿ ಅಂತ ನಾನು ಹೇಳಿದೆ. ಕಾಕು ಇದ್ದುದರಲ್ಲೇ ಹೊಸ ಇಲಕಲ್ ಸೀರೆ ಉಟ್ಟು ಬಂದರು. ಅಡುಗೆಕೋಣೆಯಲ್ಲಿ ಹೊಸ ಒಲೆ, ಮೇಲೆ ಹಾಲಿನ ಪಾತ್ರೆ. ಆ ಹುಡುಗಿ ಕಾಕುವಿನ ಕಾಲಿಗೆ ನಮಸ್ಕಾರ ಮಾಡಿ, ಹಿರಿಯ ಮುತ್ತೈದೆ ನೀವೇ, ಒಲೆ ನೀವೇ ಹಚ್ಚಿ ಅಂದಳು. ತಾನು ಏನು ಕೇಳುತ್ತಿದ್ದೇನೆ ಅಂತ ಆ ಮಗುವಿಗೆ ಹೇಗೆ ತಿಳಿಯಬೇಕು?

ಕಾಕು ಒಲೆ ಹಚ್ಚಿದರು. ಹಾಲು ಉಕ್ಕುವವರೆಗೂ ಅಲ್ಲೇ ನಿಂತಿದ್ದರು. ಉಕ್ಕಿ ಚೆಲ್ಲಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಕಾಕು ಆ ಹುಡುಗಿಯ ಗಲ್ಲ ಹಿಡಿದು ಬಡ್ಡಿ ಎಷ್ಟು ಅಂತ ವಿಚಾರಿಸಿದರು. ಭಾಳ ಕಡಿಮೆ ಆಂಟೀ, ಎಪ್ಪತ್ತು ಪೈಸೆ ಅಂತ ಅವಳು ಹೆಮ್ಮೆಯಿಂದ ಹೇಳಿದಳು. ಕಾಕು ನನ್ನ ಕಡೆ ತಿರುಗಿದರು.

"ಇಕಿಗೆ ತೆಲುಗಿನ್ಯಾಗ ಬರೋಬರಿ ತಿಳಿಸಿ ಹೇಳವಾ. ಪೈಸಾ ಕೇಳಬ್ಯಾಡ, ವರ್ಷ ಕೇಳು ಅಂತ ಹೇಳು. ವರ್ಷಾ ವರ್ಷಾ ಹೋಗಿ ಕೇಳು ಅಂತ ಹೇಳು."

ನಾನು ಹೇಳಿದೆ. ಕಾಕು ಎರಡು ಹೋಳಿಗೆ ಉಂಡು, ಬಾಯಿ ತುಂಬ ಹರಸಿ ಹೊರಟರು. ವಿಜಯಪುರದಲ್ಲಿ ಎರಡು ಕೋಣೆಯ ಬಾಡಿಗೆ ಮನೆ ಹಿಡಿದಿದ್ದರು. ಅಲ್ಲೂ ರೊಟ್ಟಿ ಬಡಿದರು. ಹೋದ ವರ್ಷ ಅದೇ ಬಾಡಿಗೆ ಮನೆಯಲ್ಲಿ ತೀರಿಕೊಂಡರು ಅಂತ ಕಾಕಾ ಫೋನ್ ಮಾಡಿದ್ದರು. ಓನರು ಒಳ್ಳೆಯವನು, ಹೆಣ ಒಳಗೆ ಇಡೋದಕ್ಕೆ ಬೇಡ ಅನ್ನಲಿಲ್ಲ ಅಂದರು... ಆ ಒಂದು ಮಾತು ನನಗೆ ಇನ್ನೂ ನುಂಗಲು ಆಗಿಲ್ಲ.

ಕ್ಲಬ್‌ಹೌಸಿನಲ್ಲಿ ಮಗಳು ಪೆನ್ನು ಕೈಗೆತ್ತಿಕೊಂಡಿದ್ದಳು. ನಾನು ಅವಳ ಕೈ ಹಿಡಿದೆ. ಬಡ್ಡಿ ಏರಿದರೆ ಏನಾಗುತ್ತದೆ ಅಂತ ಹುಡುಗನನ್ನು ಕೇಳಿದೆ. ಚಿಂತೆಯೇ ಬೇಡ ಮೇಡಂ, ಏರಿದರೂ ನಿಮ್ಮ ಕಂತು ಒಂದು ರೂಪಾಯಿ ಏರೋದಿಲ್ಲ ಅಂತ ಮುಖವರಳಿಸಿ ಹೇಳಿದ. ಎಂಥ ಉಪಕಾರ! ಕಂತು ಏರದಿದ್ದರೆ ವರ್ಷ ಎಷ್ಟಾಗುತ್ತದೆ, ಕೊನೆಗೆ ಕೈಬಿಟ್ಟು ಹೋಗುವ ಒಟ್ಟು ದುಡ್ಡು ಎಷ್ಟು, ಬರೆದು ಕೊಡು ಅಂದೆ. ಅವನು ಲ್ಯಾಪ್‌ಟಾಪು ಒತ್ತಿದ, ಇನ್ನೊಬ್ಬನನ್ನು ಕರೆದ, ಇಬ್ಬರೂ ಸೇರಿ ಒತ್ತಿದರು. ಮಗಳು ಪೆನ್ನಿಗೆ ಮುಚ್ಚಳ ಹಾಕಿದಳು.

ಏಳುವಾಗ ಹುಡುಗ ಮತ್ತೆ ತಟ್ಟೆ ಹಿಡಿದ. ಒಂದಾದರೂ ತಗೊಳ್ಳಿ ಮೇಡಂ, ಬ್ಯಾಂಕಿನ ಕಡೆಯಿಂದ ಅಂದ.

"ಬೇಡಪ್ಪ," ಅಂದೆ. "ಮೊದಲು ನಮ್ಮ ಡಬ್ಬಿ ವಾಪಸು ಕೊಡಿ. ತುಂಬಿ ಕೊಡಿ."

ಅವನಿಗೆ ಏನೂ ಅರ್ಥವಾಗಲಿಲ್ಲ. ಡಬ್ಬಿಯ ಮೇಲೆ ಹೆಸರಿದ್ದವರು ಇದ್ದಿದ್ದರೆ ಮಾತ್ರ ನಗುತ್ತಿದ್ದರು.