ತಿರುಗಿ ಹೇಳಿಸುವ ಪದ್ಮಮ್ಮ

ಬೆಳಗಿನ ಆರೂಕಾಲು. ಶಿವಮೊಗ್ಗದ ದೊಡ್ಡ ಆಸ್ಪತ್ರೆಯೊಂದರ ಮೂರನೆಯ ಮಹಡಿ, ಹೆಂಗಸರ ಸರ್ಜರಿ ವಾರ್ಡು. ಪದ್ಮಮ್ಮ ಫಿನಾಯಿಲ್ ಬಕೆಟ್ಟನ್ನು ಕಾಲಿನಿಂದ ಮುಂದಕ್ಕೆ ತಳ್ಳುತ್ತಾ, ಮಾಪನ್ನು ಮಂಚಗಳ ಕೆಳಗೆ ಚಾಚಿ ಎಳೆಯುತ್ತಿದ್ದಾರೆ. ಹನ್ನೊಂದನೆಯ ಮಂಚದ ಹತ್ತಿರ ಅವರ ಕೈ ನಿಧಾನವಾಗುತ್ತದೆ. ಮಂಚದ ಮೇಲೆ ಅಂಜಲೈ. ಭದ್ರಾವತಿಯವರು, ಅರವತ್ತೆರಡು ವರ್ಷ, ಸಕ್ಕರೆ ಕಾಯಿಲೆ. ಬಲಪಾದ ಬ್ಯಾಂಡೇಜಿನೊಳಗೆ ಕಪ್ಪಾಗಿದೆ. ಹತ್ತು ಗಂಟೆಗೆ ಆಪರೇಷನ್. ಒಪ್ಪಿಗೆ ಪತ್ರಕ್ಕೆ ನಿನ್ನೆ ಸಂಜೆಯೇ ಹೆಬ್ಬೆಟ್ಟು ಒತ್ತಿಸಿಕೊಂಡಿದ್ದಾರೆ. ಬೆರಳಿನ ನೀಲಿ ಇನ್ನೂ ಹೋಗಿಲ್ಲ.

ಪದ್ಮಮ್ಮ ಬಾಗಿಲ ಕಡೆ ಒಮ್ಮೆ ನೋಡುತ್ತಾರೆ. ಬಗ್ಗಿ ನೆಲ ಒರೆಸುತ್ತಲೇ ತಮಿಳಿನಲ್ಲಿ ಏನೋ ಕೇಳುತ್ತಾರೆ. ಆ ಮಾತುಗಳನ್ನು ಆಮೇಲೆ ಅವರೇ, ಅವರ ಬಗ್ಗೆ ಬರೆಯಲು ಹೋಗಿದ್ದ ನನಗೆ, ಕನ್ನಡದಲ್ಲಿ ಹೇಳಿದರು.

"ಇವತ್ತು ಏನ್ ಮಾಡ್ತಾರಂತೆ ಅಕ್ಕಾ? ನೀವೇ ಹೇಳಿ ನೋಡೋಣ."

"ಗಾಯ ಕ್ಲೀನ್ ಮಾಡ್ತಾರೆ. ಮೂರು ದಿನ ಬಿಟ್ಟು ಮನೆಗೆ."

ಮಾಪು ನಿಲ್ಲುತ್ತದೆ. ಅಂದಿನ ಆಪರೇಷನ್ ಪಟ್ಟಿಯಲ್ಲಿ ಹನ್ನೊಂದನೆಯ ಮಂಚದ ಎದುರು ಬರೆದಿರುವುದು ಬೇರೆ. ಸಿಸ್ಟರುಗಳು ಅದನ್ನು ಓದಿದ್ದು ಪದ್ಮಮ್ಮನ ಕಿವಿಗೆ ಬಿದ್ದಿದೆ. ಅಂಜಲೈಯವರ ಕಾಲನ್ನು ಮೊಣಕಾಲಿನ ಕೆಳಗೆ ಕತ್ತರಿಸಲಿದ್ದಾರೆ.

ಈಗ ಬಾಯಿ ಬಿಟ್ಟರೆ ತನಗೆ ಏನಾಗುತ್ತದೆ ಎಂಬುದು ಪದ್ಮಮ್ಮನಿಗೆ ಗೊತ್ತಿದೆ. ಅವರು ಆಸ್ಪತ್ರೆಯ ನೌಕರರಲ್ಲ, ಶುಚಿತ್ವದ ಗುತ್ತಿಗೆ ಹಿಡಿದ ಏಜೆನ್ಸಿಯವರು. ಹದಿನೈದು ದಿನಗಳ ಹಿಂದೆ ಏಜೆನ್ಸಿಯ ಸೂಪರ್‌ವೈಸರ್ ಮುರಳಿ ಎಲ್ಲರನ್ನೂ ಮೆಟ್ಟಿಲ ಕೆಳಗೆ ನಿಲ್ಲಿಸಿ ಒಂದು ಸುತ್ತೋಲೆ ಓದಿದ್ದರು. ಚಿಕಿತ್ಸೆಯ ವಿಚಾರವಾಗಿ ಶುಚಿತ್ವ ಸಿಬ್ಬಂದಿ ರೋಗಿಗಳ ಜತೆ ಮಾತನಾಡಕೂಡದು. ಭಾಷೆ ಬಾರದ ರೋಗಿಗಳಿಗೆ ವಿವರಿಸಲು ಇನ್ನು ಮುಂದೆ ಟ್ಯಾಬ್ಲೆಟ್ ಇದೆ, ಬೇಕಾದ ಭಾಷೆ ಒತ್ತಿದರೆ ಅದೇ ಮಾತನಾಡುತ್ತದೆ. ಓದಿ ಮುಗಿಸಿ ಮುರಳಿ, "ಪದ್ಮಮ್ಮೋರೇ, ಇದು ಮುಖ್ಯವಾಗಿ ನಿಮಗೇ ಕಣ್ರೀ" ಅಂದಿದ್ದರು. ಎಲ್ಲರೂ ನಕ್ಕಿದ್ದರು. ತಿಂಗಳ ಕೊನೆಗೆ ಗುತ್ತಿಗೆಯ ಹೆಸರುಗಳ ಹೊಸ ಪಟ್ಟಿ ಆಗುತ್ತದೆ, ಅದರಲ್ಲಿ ಹೆಸರಿಲ್ಲದವರಿಗೆ ಕೆಲಸವಿಲ್ಲ. ಭದ್ರಾವತಿಯಲ್ಲಿ ಅವರ ಗಂಡ ಮೂರ್ತಪ್ಪ, ಕಾಗದದ ಕಾರ್ಖಾನೆ ನಿಂತಾಗಿನಿಂದ ಕೆಲಸವಿಲ್ಲದೆ, ಈಗೀಗ ಮಂಡಿನೋವಿನಿಂದ ಎದ್ದು ಓಡಾಡಲೂ ಆಗದೆ ಕೂತಿದ್ದಾರೆ. ಮನೆ ನಡೆಯುವುದು ಈ ಮಾಪಿನಿಂದ.

ಪದ್ಮಮ್ಮ ಕುಕ್ಕರುಗಾಲಿನಲ್ಲಿ ಕೂರುತ್ತಾರೆ. ಅಂಜಲೈಯ ಒಳ್ಳೆಯ ಕಾಲನ್ನು ಹಿಡಿದು, ಎಲ್ಲಿಂದ ಎಲ್ಲಿಗೆ ಎಂದು ಬೆರಳಿನಲ್ಲಿ ತೋರಿಸಿ, ಹೇಳುತ್ತಾರೆ. ಅಂಜಲೈ ಕಿರುಚುವುದಿಲ್ಲ. ತಮ್ಮ ಕಾಲನ್ನು ನೋಡುತ್ತಾರೆ.

"ನಿನ್ನೆ ಆ ಸಿಸ್ಟರ್ ಹುಡುಗಿ ಟಿವಿ ಹಿಡ್ಕೊಂಡು ಬಂದಿದ್ಳು. ಅದು ಮಾತಾಡ್ತು. ನಾನು ಹೂಂ ಅಂದೆ."

"ಅರ್ಥ ಆಯ್ತಾ ಅದು?"

"ದೊಡ್ಡೋರು ಹೇಳ್ತಿರುವಾಗ ಹೂಂ ಅನ್ನದೇ ಇರೋಕಾಗತ್ತೇನಮ್ಮಾ?"

ಪದ್ಮಮ್ಮನಿಗೆ ಐವತ್ತೆರಡು. ಭದ್ರಾವತಿಯಿಂದ ಬೆಳಗಿನ ಐದೂವರೆಯ ಬಸ್ಸು, ಆರಕ್ಕೆ ಪಂಚಿಂಗ್, ಎರಡು ವಾರ್ಡು, ನಲವತ್ತಾರು ಮಂಚ, ಹದಿನಾಲ್ಕು ಶೌಚಾಲಯ. ಹತ್ತೊಂಬತ್ತು ವರ್ಷಗಳಿಂದ ಇದೇ ದಿನಚರಿ. ಇದರ ನಡುವೆ, ಸುತ್ತೋಲೆ ಬರುವವರೆಗೆ, ದಿನಕ್ಕೆ ಏಳೆಂಟು ಸಲ ಯಾರಾದರೂ ಕೂಗುತ್ತಿದ್ದರು. "ಪದ್ಮಕ್ಕಾ, ಇಪ್ಪತ್ತಮೂರು ತೆಲುಗು." "ಪದ್ಮಕ್ಕಾ, ಬನ್ನಿ ಮಾರಾಯ್ತಿ, ಇವರೇನೋ ಉರ್ದು." ಅವರು ಮಾಪನ್ನು ಗೋಡೆಗೆ ಒರಗಿಸಿ, ಕೈ ತೊಳೆದು ಹೋಗುತ್ತಿದ್ದರು. ತಮಿಳು, ತೆಲುಗು, ಉರ್ದು, ಕನ್ನಡ. ಲಂಬಾಣಿ ಬರುವುದಿಲ್ಲ. ಲಂಬಾಣಿ ಹೆಂಗಸರು ಬಂದ ದಿನ ಪದ್ಮಮ್ಮ ಮುಖ ಸಣ್ಣದು ಮಾಡಿಕೊಂಡಿರುತ್ತಿದ್ದರು ಎಂದು ವಾರ್ಡಿನ ಇನ್‌ಚಾರ್ಜ್ ಸಿಸ್ಟರ್ ಶ್ರೀಗೌರಿ ಹೇಳುತ್ತಾರೆ.

ಇಷ್ಟು ಭಾಷೆ ಎಲ್ಲಿ ಕಲಿತಿರಿ ಎಂದರೆ ಪದ್ಮಮ್ಮನಿಗೆ ನಗು. ತಂದೆ ಹೊಲ ಬಿಟ್ಟು ಭದ್ರಾವತಿಯ ಕಬ್ಬಿಣದ ಕಾರ್ಖಾನೆಗೆ ಕೂಲಿಗೆ ಬಂದವರು. ವಠಾರದ ಸಾಲಿನಲ್ಲಿ ಎಡಗಡೆ ತಮಿಳಿನವರು, ಬಲಗಡೆ ತೆಲುಗಿನವರು, ಎದುರಿಗೆ ಸಾಬರ ಮನೆ, ಎಲ್ಲರಿಗೂ ಸೇರಿ ಒಂದೇ ನಲ್ಲಿ. "ನೀರು ಬರ್ತಿದ್ದಿದ್ದು ಒಂದು ಗಂಟೆ. ಅವರವರ ಭಾಷೇಲೇ ಬೈಬೇಕಿತ್ತು. ಇಲ್ಲಾಂದ್ರೆ ನಮ್ಮ ಬಿಂದಿಗೆ ಹಿಂದಕ್ಕೆ ಹೋಗೋದು. ಅಲ್ಲಿ ಕಲ್ತಿದ್ದು. ನೆಲ ಒರೆಸೋಕೆ ಭಾಷೆ ಖರ್ಚಾಗಲ್ಲ ನೋಡಿ, ಅಷ್ಟೂ ಹಾಗೇ ಉಳ್ಕೊಂಡಿದೆ."

ಅವರಿಗೊಂದು ಪದ್ಧತಿಯಿದೆ. ಡಾಕ್ಟರು ಹೇಳಿದ್ದನ್ನು ರೋಗಿಗೆ ಹೇಳಿ ಎದ್ದುಹೋಗುವುದಿಲ್ಲ. ರೋಗಿಯ ಬಾಯಿಂದಲೇ ಅದನ್ನು ತಿರುಗಿ ಹೇಳಿಸುತ್ತಾರೆ. ಏನು ತೆಗೆಯುತ್ತಾರೆ, ಆಮೇಲೆ ಏನು ಇರುವುದಿಲ್ಲ. ತಪ್ಪಿದರೆ ಮೊದಲಿಂದ. ರೋಗಿಯೇ ಹೇಳುವವರೆಗೆ ಹೆಬ್ಬೆಟ್ಟಿನ ಇಂಕ್ ಪ್ಯಾಡು ಪದ್ಮಮ್ಮನ ಸೆರಗಿನೊಳಗೆ ಇರುತ್ತಿತ್ತಂತೆ. ಸಿಸ್ಟರುಗಳು ಕೈಚಾಚಿ ಬೈಯುತ್ತಾ ನಿಂತಿರುತ್ತಿದ್ದರಂತೆ.

ಈ ಹಠ ಬಂದದ್ದು ಕೆಲಸಕ್ಕೆ ಸೇರಿದ ಎರಡನೆಯ ವರ್ಷದಲ್ಲಿ. ಭದ್ರಾವತಿಯ ಕಡೆಯಿಂದ ಬಂದ ತೆಲುಗಿನ ಹೆಂಗಸು, ಇಪ್ಪತ್ತೇಳು ವರ್ಷ, ಒಂದು ಮಗು. ಗರ್ಭಕೋಶ ತೆಗೆಯಬೇಕು, ತಿಳಿಸಿ ಹೇಳು ಎಂದು ಡಾಕ್ಟರು ಪದ್ಮಮ್ಮನಿಗೆ ಹೇಳಿ ಹೋದರು. ಮಂಚದ ತಲೆಯ ಹತ್ತಿರ ಆಕೆಯ ಮಾವ ನಿಂತಿದ್ದರು. "ಗಂಡಸರ ಮುಂದೆ, ಅದೂ ಮಾವನ ಮುಂದೆ, ಆ ಮಾತು ಹೆಂಗೆ ಆಡೋದು? ನನ್ನ ನಾಲಗೆ ಏಳ್ಲಿಲ್ಲ. ಹೊಟ್ಟೇಲಿ ಗಡ್ಡೆ ಇದೆ, ತೆಗೀತಾರೆ ಅಂದೆ. ಅವಳೂ ತಲೆ ಆಡಿಸಿದ್ಳು. ಆರು ತಿಂಗಳು ಬಿಟ್ಟು ನನ್ನನ್ನೇ ಹುಡ್ಕೊಂಡು ಬಂದ್ಳು. ಅಕ್ಕಾ, ಹೊರಗಾಗೋದು ನಿಂತಿದೆ, ಎರಡನೇ ಬಸಿರು ನಿಂತಿರಬಹುದಾ ಅಂತ ಕೇಳಿದ್ಳು. ಆವಾಗ ಹೇಳ್ದೆ. ಕ್ಯಾಂಟೀನ್ ಪಕ್ಕದಲ್ಲಿ ಕೂರಿಸ್ಕೊಂಡು. ಬೈದಿದ್ರೆ ಚೆನ್ನಾಗಿತ್ತು. ಬೈಲಿಲ್ಲ. ಬಸ್ಸಿಗೆ ಹೊತ್ತಾಯ್ತು ಅಂತ ಎದ್ದು ಹೋದ್ಳು."

ಆ ಹೆಂಗಸಿಗೆ ಆಪರೇಷನ್ ಬೇಕೇ ಇತ್ತು, ಬೇರೆ ದಾರಿಯಿರಲಿಲ್ಲ ಎಂದು ಸಿಸ್ಟರುಗಳು ಅಂದಿನಿಂದ ಸಮಾಧಾನ ಹೇಳುತ್ತಲೇ ಬಂದಿದ್ದಾರೆ. ಪದ್ಮಮ್ಮನ ಲೆಕ್ಕದಲ್ಲಿ ಅದು ಬೇರೆ ವಿಷಯ. "ಬೇಕಿತ್ತೋ ಬೇಡವಾಗಿತ್ತೋ, ಅವಳಿಗೆ ಗೊತ್ತಿರಬೇಕಿತ್ತು."

ಆಸ್ಪತ್ರೆಯ ಹೆಬ್ಬಾಗಿಲಿನ ಬೋರ್ಡಿನಲ್ಲಿ ಕನ್ನಡ ದೊಡ್ಡದಾಗಿದೆ. ಬೋರ್ಡಿನಲ್ಲಿ ನೂರಕ್ಕೆ ಅರವತ್ತು ಭಾಗ ಕನ್ನಡವಿರಬೇಕೆಂಬ ನಿಯಮ ಬಂದಾಗ ಹೊಸದಾಗಿ ಬರೆಸಿದ್ದು. ಒಳಗೆ, ರೋಗಿ ಸಹಿ ಹಾಕುವ ನಾಲ್ಕು ಪುಟದ ಒಪ್ಪಿಗೆ ಪತ್ರ ಪೂರ್ತಿ ಇಂಗ್ಲಿಷಿನಲ್ಲಿದೆ. ಕೊನೆಯ ಪುಟದಲ್ಲಿ, ನನಗೆ ಅರ್ಥವಾಗುವ ಭಾಷೆಯಲ್ಲಿ ಎಲ್ಲವನ್ನೂ ವಿವರಿಸಲಾಗಿದೆ ಎಂಬ ವಾಕ್ಯವಿದೆ. ಅದೂ ಇಂಗ್ಲಿಷಿನಲ್ಲೇ ಇದೆ. ಮುಂದಿನ ಚೌಕದೊಳಗಿನ ಸರಿ ಗುರುತು ಪತ್ರದ ಜತೆಗೇ ಅಚ್ಚಾಗಿ ಬಂದಿದೆ.

ತಮಿಳಿನವರ, ತೆಲುಗಿನವರ ಪಾಡು ಮಾತ್ರ ಇದು ಎಂದುಕೊಂಡರೆ ತಪ್ಪು. ಗಂಡಸರ ವಾರ್ಡಿನಲ್ಲಿ ತ್ಯಾವರೆಕೊಪ್ಪದ ಕಡೆಯ ಹುಲಿಯಪ್ಪ ಹರ್ನಿಯಾ ಆಪರೇಷನ್ನಿಗೆ ಕಾಯುತ್ತಿದ್ದಾರೆ. ಕನ್ನಡದವರು, ಏಳನೆಯ ಕ್ಲಾಸು ಓದಿದವರು, ದಿನಾ ಪೇಪರ್ ಓದುವವರು. ತಮ್ಮ ಒಪ್ಪಿಗೆ ಪತ್ರವನ್ನು ಹಿಂದೆ ಮುಂದೆ ತಿರುಗಿಸಿ ತೋರಿಸಿದರು. "ನಾಲ್ಕು ಹಾಳೆ ನೋಡಿ ಸ್ವಾಮಿ. ಇದ್ರಲ್ಲಿ ನಂಗೆ ಗೊತ್ತಿರೋದು ನನ್ನ ಸಹಿ ಒಂದೇ."

ಭಾಷೆಯ ಬಗ್ಗೆ ನಮ್ಮಲ್ಲಿ ಜಗಳಕ್ಕೆ ಕೊರತೆಯಿಲ್ಲ. ಶಾಲೆಯಲ್ಲಿ ಮೂರನೆಯ ಭಾಷೆ ಯಾವುದಿರಬೇಕು, ಬ್ಯಾಂಕಿನ ಕೌಂಟರಿನಲ್ಲಿ ಕೂತವರು ಯಾವ ಭಾಷೆ ಆಡಬೇಕು. ಈ ಜಗಳಗಳು ಬೇಡವೆಂದು ಹೇಳುತ್ತಿಲ್ಲ. ಆದರೆ ಬೆಳಗಿನಿಂದ ನೀರೂ ಕುಡಿಯದೆ, ಹಸಿರು ಗೌನು ತೊಟ್ಟು, ತನಗೇನು ಮಾಡುತ್ತಾರೆಂದು ತಿಳಿಯದೆ ಸರದಿಗಾಗಿ ಮಲಗಿರುವವರ ಪರವಾಗಿ ಯಾರೂ ಬೀದಿಗಿಳಿದದ್ದನ್ನು ನಾನು ಕಂಡಿಲ್ಲ. ಈ ಆಸ್ಪತ್ರೆಯ ಹುದ್ದೆಗಳ ಪಟ್ಟಿಯಲ್ಲಿ ಲಿಫ್ಟ್ ನಡೆಸುವವರಿದ್ದಾರೆ, ತೋಟದವರಿದ್ದಾರೆ. ರೋಗಿಯ ಮಾತನ್ನು ಡಾಕ್ಟರಿಗೂ ಡಾಕ್ಟರ ಮಾತನ್ನು ರೋಗಿಗೂ ದಾಟಿಸುವವರಿಗೆ ಹುದ್ದೆಯಿಲ್ಲ.

ಆ ದಿನ ಒಂಬತ್ತು ಗಂಟೆಗೆ ಗೌನು ತೊಡಿಸಲು ಹೋದ ಸಿಸ್ಟರನ್ನು ಅಂಜಲೈ ತಡೆದರು. ಮಗಳು ಬರುವವರೆಗೆ ಬೇಡ ಎಂದು ತಮಗೆ ಬರುವಷ್ಟು ಕನ್ನಡದಲ್ಲಿ ಹೇಳಿದರು. ಆಪರೇಷನ್ ಮುಂದಕ್ಕೆ ಹೋಯಿತು. ಹತ್ತೂವರೆಗೆ ಮುರಳಿ ಮೆಟ್ಟಿಲಿನಲ್ಲಿ ಪದ್ಮಮ್ಮನನ್ನು ನಿಲ್ಲಿಸಿಕೊಂಡರು. ನಾನು ಮೇಲಿನ ಮೆಟ್ಟಿಲಿನಲ್ಲಿದ್ದೆ.

"ಏನ್ರೀ, ಡಾಕ್ಟ್ರಾಗಿಬಿಟ್ರಾ ನೀವು?"

"ಇಲ್ಲಪ್ಪ."

"ಓಟಿ ಖಾಲಿ ಹೊಡೀತು ಇವತ್ತು. ನಿಮ್ಮಿಂದ. ಆ ಯಮ್ಮನಿಗೆ ಹೇಳ್ದೋರು ಯಾರು?"

"ನಾನೇ."

"ಇಲ್ಲ ಅನ್ನಿ ಮಾರಾಯ್ತಿ. ಒಂದು ಸಲ ಇಲ್ಲ ಅನ್ನಿ, ನಾನು ಹಾಗೇ ಬರ್ಕೊಂಡು ಹೋಗ್ತೀನಿ."

ಮುರಳಿ ಕೆಟ್ಟವರಲ್ಲ. ಪೆನ್ನು ಹಿಡಿದು ಕಾದರು. ಪದ್ಮಮ್ಮ ಮಾಪಿನ ನೀರು ಹಿಂಡುತ್ತಾ ನಿಂತರು.

"ನಾನೇ ಹೇಳಿದ್ದು. ಬರ್ಕೊಳ್ಳಿ."

ಮಗಳು ಮಧ್ಯಾಹ್ನ ಬಂದರು. ತಾಯಿ ಮಗಳು ಸಂಜೆಯವರೆಗೆ ಅತ್ತರು, ವಾದಿಸಿದರು, ಮತ್ತೆ ಅತ್ತರು. ರಾತ್ರಿ ಅಂಜಲೈ ಒಪ್ಪಿದರು. ಮಾರನೆಯ ದಿನ ಕಾಲು ಹೋಯಿತು. ಒಂದು ದಿನ ತಡವಾದ್ದರಿಂದ ತೊಂದರೆಯೇನೂ ಆಗಲಿಲ್ಲ ಎಂದು ಸರ್ಜನ್ ಡಾ. ಮಧುಸೂದನ ಹೇಳುತ್ತಾರೆ. ಆಗಬಹುದಿತ್ತು ಎಂದೂ ಹೇಳುತ್ತಾರೆ.

ಕೋಟೆಯ ಹತ್ತಿರ ಮನೆಯಿರುವ ಈ ವೈದ್ಯರು ಪದ್ಮಮ್ಮನನ್ನು ಹನ್ನೆರಡು ವರ್ಷಗಳಿಂದ ಬಲ್ಲರು. ಕೆಲಸದಿಂದ ತೆಗೆಯದಂತೆ ಆಡಳಿತದವರ ಹತ್ತಿರ ಮಾತನಾಡಿದ್ದೂ ಅವರೇ. "ಆಕೆ ಇಲ್ದಿದ್ರೆ ನಾನು ಕೈಸನ್ನೆ ಮಾಡ್ಬೇಕು. ದಿನಕ್ಕೆ ಎಂಬತ್ತು ಜನ ಬರ್ತಾರೆ. ಆದ್ರೆ ಆಡಳಿತದವರ ಮಾತೂ ಸುಳ್ಳಲ್ಲ. ಪದ್ಮಮ್ಮ ತಪ್ಪು ಹೇಳಿದ್ರು ಅಂದ್ಕೊಳ್ಳಿ. ನಾಳೆ ಕೇಸಾದ್ರೆ ಯಾರನ್ನ ಕೇಳೋದು? ಮೆಷೀನಾದ್ರೆ ಏನು ಹೇಳ್ತು ಅಂತ ರೆಕಾರ್ಡ್ ಇರತ್ತೆ." ಆ ರೆಕಾರ್ಡಿನಲ್ಲಿ ಅಂಜಲೈ ಹೂಂ ಅಂದದ್ದೂ ಇದೆ. ಅದನ್ನು ನೆನಪಿಸಿದಾಗ ಅವರು ಕನ್ನಡಕ ತೆಗೆದು ಕಣ್ಣು ಒರೆಸಿಕೊಂಡರು. "ಇದೆ" ಎಂದಷ್ಟೇ ಅಂದರು.

ಹೊಸ ಪಟ್ಟಿಯಲ್ಲಿ ಪದ್ಮಮ್ಮನ ಹೆಸರಿದೆ, ಆದರೆ ಜಾಗ ಬದಲಾಗಿದೆ. ಒಂದನೆಯ ತಾರೀಖಿನಿಂದ ಅವರಿಗೆ ನೆಲಮಾಳಿಗೆಯ ಬಟ್ಟೆ ಒಗೆಯುವ ವಿಭಾಗ. ಅಲ್ಲಿ ಮೂರು ದೊಡ್ಡ ಮೆಷೀನುಗಳಿವೆ, ಕಿಟಕಿಯಿಲ್ಲ, ರೋಗಿಗಳಿಲ್ಲ. ಇನ್ನು ಮೇಲೆ ಯಾರೂ ಪದ್ಮಕ್ಕಾ ಎಂದು ಕೂಗುವ ಹಾಗಿಲ್ಲ, ಕೂಗಿದರೆ ಅವರು ಬರುವ ಹಾಗಿಲ್ಲ. ಶ್ರೀಗೌರಿಯವರಿಗೆ ಆತಂಕ. "ನಮಗೆ ಬರೋದು ಕನ್ನಡ, ಒಂದಿಷ್ಟು ಇಂಗ್ಲಿಷ್. ಮೆಷೀನ್ ಹೇಳತ್ತೆ, ನಿಜ. ಅವರು ವಾಪಸ್ ಏನು ಹೇಳ್ತಾರೆ ಅಂತ ಕೇಳಿಸ್ಕೊಳ್ಳೋಕೆ ನಮಗೆ ಟೈಮಿಲ್ಲ."

ಶುಕ್ರವಾರ ಮಧ್ಯಾಹ್ನ, ಪಾಳಿ ಮುಗಿಸಿ ಹೊರಟ ಪದ್ಮಮ್ಮನ ಜತೆ ಭದ್ರಾವತಿಯ ಬಸ್ಸಿನಲ್ಲಿ ಕೂತಿದ್ದೇನೆ. ಡಾಕ್ಟರ ಮಾತನ್ನು ಅವರಿಗೆ ಹೇಳಿದೆ. ಅವರಿಗೆ ಕೋಪ ಬರಲಿಲ್ಲ.

"ಸರಿಯಾಗೇ ಹೇಳಿದಾರೆ. ತಪ್ಪಾದ್ರೆ ಕೇಳೋಕೆ ಒಬ್ಬರು ಬೇಕು. ಆವತ್ತು ಆ ತೆಲುಗು ಹುಡುಗಿ ವಿಷಯದಲ್ಲಿ ನನ್ನನ್ನ ಯಾರು ಕೇಳಿದ್ರು? ಯಾರೂ ಇಲ್ಲ. ಎಲ್ಲೂ ಬರೆದೇ ಇರ್ಲಿಲ್ಲವಲ್ಲ ನಾನು ಹೇಳಿದ್ದು ಅಂತ."

ಆಡಳಿತದವರು ಕರೆದು ಏನು ಬೇಕೆಂದು ಕೇಳಿದರೆ ಏನು ಹೇಳುತ್ತೀರಿ ಎಂದೆ. ಸಂಬಳ ಹೆಚ್ಚು ಮಾಡಿ ಎನ್ನಬಹುದೆಂದುಕೊಂಡಿದ್ದೆ. ಅವರು ಕೇಳಿದ್ದು ಒಪ್ಪಿಗೆ ಪತ್ರದಲ್ಲಿ ಒಂದು ಗೆರೆ ಜಾಗ. "ರೋಗಿ ಸಹಿ ಇರತ್ತೆ, ಡಾಕ್ಟ್ರ ಸಹಿ ಇರತ್ತೆ. ಮಧ್ಯದಲ್ಲಿ ಹೇಳಿದೋಳು ಯಾರು ಅಂತ ಒಂದು ಗೆರೆ ಬಿಡ್ಲಿ. ನಾನು ಅಂತಲೇ ಅಲ್ಲ. ಯಾರು ಹೇಳ್ತಾರೋ ಅವರು ಹಾಕ್ಲಿ."

ಬಸ್ಸು ಭದ್ರಾವತಿ ಸೇರಿತು. ಇಳಿಯುವ ಮುಂಚೆ, ಈ ಬರಹ ಅಚ್ಚಾದರೆ ಬಟ್ಟೆ ಒಗೆಯುವ ಕೆಲಸಕ್ಕೂ ಕುತ್ತು ಬರಬಹುದು, ಹೆಸರು ಬದಲಿಸಿ ಬರೆಯುತ್ತೇನೆ ಎಂದೆ. ಪದ್ಮಮ್ಮ ಸೀಟಿನ ಕಂಬಿ ಹಿಡಿದು ನಿಂತರು. ಹಿಂದಿನವರು ಇಳಿಯಲು ಅವಸರ ಮಾಡುತ್ತಿದ್ದರು.

"ಬೇಡ. ಪದ್ಮಮ್ಮ ಅಂತಾನೇ ಬರೀರಿ. ಹೇಳಿದೋಳು ನಾನೇ ಅಲ್ವಾ."