ಜಾಯಿಮಲ್ಲಿ ಎಂಬ ಹೆಸರಿನ ಜಗಳ

ನನ್ನ ಹೆಸರು ಕೇಳಿದವರು ಮೊದಲು ಎನ್ನುವುದು, "ಎಷ್ಟ ಚಂದ ಐತಿ" ಅಂತ. ಜಾಯಿಮಲ್ಲಿ. ಮರಾಠಿಯಲ್ಲಿ ಜಾಜಿ ಹೂವಿಗೆ ಜಾಯಿ ಎನ್ನುತ್ತಾರೆ. ಮಲ್ಲಿ ನಮ್ಮ ಕನ್ನಡದ ಮಲ್ಲಿಗೆ. ಎರಡು ಭಾಷೆಯ ಎರಡು ಬಿಳಿ ಹೂ ಕೂಡಿಸಿದ ಹೆಸರು ಎಂದು ಅರ್ಥ ಬಿಡಿಸಿ ಹೇಳಿದರೆ ಕೇಳಿದವರ ಮುಖ ಇನ್ನಷ್ಟು ಅರಳುತ್ತದೆ. ನನಗೆ ಮಾತ್ರ ಬಹಳ ವರ್ಷ ಆ ಹೆಸರು ಕೇಳಿದರೆ ಮೈ ಉರಿಯುತ್ತಿತ್ತು.

ಅಪ್ಪನ ಮನೆ ಬೆಳಗಾವಿಯ ಹಿಂದವಾಡಿಯಲ್ಲಿ, ಅವ್ವನ ತವರು ಖಾನಾಪುರದಲ್ಲಿ. ಎರಡೂ ಲಿಂಗಾಯತರ ಮನೆಗಳೇ. ಪೂಜೆ ಒಂದೇ, ಊಟ ಒಂದೇ, ಮಾತು ಮಾತ್ರ ಬೇರೆ. ಹಿಂದವಾಡಿಯಲ್ಲಿ ಕನ್ನಡ, ಖಾನಾಪುರದ ಮನೆಯೊಳಗೆ ಮರಾಠಿ. ಅಂಗಡಿಯ ಬೋರ್ಡು ಯಾವ ಲಿಪಿಯಲ್ಲಿದೆ ಎಂಬುದಕ್ಕೇ ಜನ ಹೊಡೆದಾಡುತ್ತಿದ್ದ ಎಪ್ಪತ್ತರ ದಶಕ ಅದು. ಮಗುವಿನ ಹೆಸರು ಅದರಿಂದ ಹೇಗೆ ತಪ್ಪಿಸಿಕೊಂಡೀತು?

ಚೊಚ್ಚಲ ಹೆರಿಗೆಯಾದ್ದರಿಂದ ನನ್ನನ್ನು ತೊಟ್ಟಿಲಿಗೆ ಹಾಕಿದ್ದು ಖಾನಾಪುರದಲ್ಲಿ. ಅಪ್ಪನ ತಾಯಿ, ಅಂದರೆ ಹಿಂದವಾಡಿಯ ಅಜ್ಜಿ, ತನ್ನ ತಾಯಿಯ ನೆನಪಿಗೆ ಮಲ್ಲಿ ಎಂದೇ ಇಡಬೇಕೆಂದು ಪಟ್ಟು ಹಿಡಿದಿದ್ದಳು. ಅವ್ವನ ತಾಯಿಗೆ ಚಿಕ್ಕಂದಿನಲ್ಲೇ ತೀರಿಕೊಂಡ ಜಾಯಿ ಎಂಬ ಮಗಳಿದ್ದಳಂತೆ. ಮರಾಠಿಯಲ್ಲಿ ಅಜ್ಜಿಗೆ ಆಜಿ ಎನ್ನುತ್ತಾರೆ. ಖಾನಾಪುರದ ಈ ಆಜಿಗೆ ಆ ಹೆಸರೇ ಬೇಕಿತ್ತು. ಮಗುವಿನ ಕಿವಿಯಲ್ಲಿ ಹೆಸರು ಹೇಳುವವಳು ಸೋದರತ್ತೆ. ಅಪ್ಪನ ತಂಗಿಯಾದ ನನ್ನ ಅತ್ತೆ ಆಗ ಕನ್ನಡ ಸಾಲೆಯಲ್ಲಿ ಟೀಚರಾಗಿದ್ದಳು, ಮದುವೆಯಾಗಿರಲಿಲ್ಲ. ಅವಳು ತೊಟ್ಟಿಲಿಗೆ ಬಾಗಿ, ಕಿವಿಯಲ್ಲಿ ಕುರ್ರ್ ಅಂದು, ಎಲ್ಲರಿಗೂ ಕೇಳುವ ಹಾಗೆ "ಜಾಯಿಮಲ್ಲಿ" ಎಂದಳಂತೆ.

"ಇದೆಂಥಾ ಹೆಸರ? ಅರ್ಧ ಇಳಕಲ್ಲ ಸೀರಿಗೆ ಅರ್ಧ ಪೈಠಣಿ ಹೊಲದಂಗ," ಎಂದಳು ಅಜ್ಜಿ.

ಆಜಿ ಮರಾಠಿಯಲ್ಲಿ, ಸತ್ತ ನನ್ನ ಮಗಳ ಹೆಸರಿಗೆ ಬಾಲ ಕಟ್ಟಿದಿರಾ ಎಂದು ಕೇಳಿದಳು. ಅಜ್ಜಿ ಊಟ ಮಾಡದೆ ಮಧ್ಯಾಹ್ನದ ಬಸ್ಸು ಹಿಡಿದು ಬೆಳಗಾವಿಗೆ ಹೋದಳು. ಇದೆಲ್ಲ ಮುಂದೆ ಅವ್ವ ಹೇಳಿದ್ದು.

ಹೀಗೆ ಹಿಂದವಾಡಿಯಲ್ಲಿ ನಾನು ಮಲ್ಲಿಯಾದೆ, ಖಾನಾಪುರದಲ್ಲಿ ಜಾಯಿಯಾದೆ. ಮಾಮಾ ಬಂದು "ಜಾಯಿ" ಎಂದಾಗ ಓಗೊಟ್ಟರೆ ಅಜ್ಜಿ ಜಡೆ ಹಿಡಿದು ಜಗ್ಗುತ್ತಿದ್ದಳು. ಸಾಲೆಯ ಸೂಟಿಗೆ ಖಾನಾಪುರಕ್ಕೆ ಹೋದಾಗ ನಾನು ಬಾಯಿ ತಪ್ಪಿ ಮಲ್ಲಿ ಎಂದುಕೊಂಡರೆ, ಆ ಹೆಸರಿನವರು ಈ ಮನೆಯಲ್ಲಿಲ್ಲ ಎಂದು ಆಜಿ ತಾಟನ್ನೇ ಹಿಂದಕ್ಕೆ ಸರಿಸುತ್ತಿದ್ದಳು. ಸಾಲೆಯಲ್ಲಿ ಹುಡುಗಿಯರು ಜಾಯಿಕಾಯಿ ಎಂದು ಕಾಡುತ್ತಿದ್ದರು. ಹಾಜರಿ ಕರೆಯುವ ಮಾಸ್ತರರೊಬ್ಬರು ನಕ್ಕೋತ, "ನೀ ಈ ಕಡಿಯಾಕಿನೋ, ಆ ಕಡಿಯಾಕಿನೋ?" ಎಂದು ಕೇಳಿದ್ದರು. ಅವರ ನಗು ಹಾಜರಿ ಮುಗಿದ ಮೇಲೂ ಹೋಗಿರಲಿಲ್ಲ.

ಎಂಬತ್ತರ ದಶಕದ ನಡುವೆ ನಾನು ಹೈಸ್ಕೂಲಿನಲ್ಲಿದ್ದೆ. ಖಾನಾಪುರದಲ್ಲಿ ಸಣ್ಣ ಮಾಮಾನ ಮದುವೆ. ಅಜ್ಜಿ, ಆಜಿ ಇಬ್ಬರೂ ಬಹಳ ವರ್ಷಗಳ ಮೇಲೆ ಒಂದೇ ಚಪ್ಪರದ ಕೆಳಗೆ ಕೂತಿದ್ದರು. ನಾನು ನೀರಿನ ತಂಬಿಗೆ ಹಿಡಿದು ಹೋಗುತ್ತಿದ್ದಾಗ ಒಂದು ಕಡೆಯಿಂದ "ಮಲ್ಲಿ, ಬಾ ಇಲ್ಲೆ" ಎಂದು ಬಂತು, ಇನ್ನೊಂದು ಕಡೆಯಿಂದ "ಜಾಯಿ, ಇಕಡೇ ಯೇ" ಎಂದು ಬಂತು. ಯಾರ ಹತ್ತಿರ ಮೊದಲು ಹೋಗುತ್ತೇನೆಂದು ಚಪ್ಪರದವರೆಲ್ಲ ನೋಡುತ್ತಿದ್ದರು. ನಾನು ನಿಂತಲ್ಲೇ ನಿಂತೆ.

"ಪೂರಾ ಹೆಸರ ಹಿಡದ ಕರೀರಿ, ಬರ್ತೀನಿ," ಎಂದೆ.

ಅಜ್ಜಿ ಎದ್ದು ಬಂದು ಕಪಾಳಕ್ಕೆ ಹೊಡೆದಳು. ಆಜಿ, ಕನ್ನಡದವರ ಮನೆಯಲ್ಲಿ ಬೆಳೆದರೆ ಇನ್ನೇನಾಗುತ್ತದೆ ಎಂದಳು. "ಬೆಳಸಿದಾಕಿ ನಿಮ್ಮ ಮಗಳ್ರಿ," ಎಂದು ಅಜ್ಜಿ ತಿರುಗಿಸಿ ಕೊಟ್ಟಳು. ಅವ್ವ ಅಡಿಗೆಮನೆಯಿಂದ ಹೊರಗೆ ಬರಲೇ ಇಲ್ಲ.

ಅತ್ತೆ ಹಿತ್ತಲ ಕಟ್ಟೆಯ ಮೇಲೆ ಒಬ್ಬಳೇ ಕೂತಿದ್ದಳು. ನನ್ನ ಸಿಟ್ಟೆಲ್ಲ ಅವಳ ಮೇಲೆ ಹೋಯಿತು. "ಇಬ್ಬರನೂ ಒಂದ ಮಾಡಾಕ ಈ ಹೆಸರ ಇಟ್ಟಿ ಅಂತಾಳ ಅವ್ವ. ಒಂದಾದ್ರೇನ ಅವರು?"

"ಒಂದ ಮಾಡಾಕ?" ಅತ್ತೆ ನನ್ನ ಕೆನ್ನೆಯ ಮೇಲಿನ ಬೆರಳ ಗುರುತು ನೋಡಿದಳು. "ಇಬ್ಬರಿಗೂ ಚುಚ್ಚಲಿ ಅಂತ ಇಟ್ಟೇನಿ."

ಆಮೇಲೆ ಹೇಳಿದಳು. ನಾನು ಹುಟ್ಟುವ ಮೊದಲು ಈ ಎರಡು ಮನೆಗಳ ನಡುವೆ ಎರಡು ಮದುವೆ ಮಾತಾಗಿದ್ದವಂತೆ. ಅಪ್ಪನಿಗೆ ಅವ್ವ, ಅತ್ತೆಗೆ ನನ್ನ ದೊಡ್ಡ ಮಾಮಾ. ಮೊದಲನೆಯದು ನಡೆಯಿತು. ಎರಡನೆಯದು ಬಂದಾಗ ಮರಾಠಿ ಮನೆಗೆ ಮಗಳನ್ನು ಕೊಡುವುದಿಲ್ಲ ಎಂದು ಅಜ್ಜಿ ಅಂದಳು. ಕನ್ನಡದ ಸೊಸೆ ನನ್ನ ಒಲೆಯ ಮುಂದೆ ಬೇಡ ಎಂದು ಆಜಿಯೂ ಅಂದಳು.

"ಜೀವನದಾಗ ಅವರಿಬ್ಬರೂ ಒಪ್ಪಿದ್ದು ಅದೊಂದ ಮಾತಿಗೆ. ನಿಮ್ಮವ್ವ ಬಂದಳು, ನಾ ಹೋಗಲಿಲ್ಲ. ಕೂಡಬಾರದು ಅಂದ್ರಲ್ಲ, ಅದಕ್ಕ ಮೊಮ್ಮಗಳ ಹೆಸರಿನಾಗ ಕೂಡಿಸಿ ಇಟ್ಟೆ. ದಿನಾ ಕರೀಲಿ."

"ಕರೀವಲ್ರು."

"ಕರಿಯಾಕ ಆಗವಲ್ದು. ಅಷ್ಟ ಸಾಕು ನನಗ."

ದೊಡ್ಡ ಮಾಮಾ ಚಪ್ಪರದಲ್ಲಿ ಹೆಂಡತಿಯೊಂದಿಗೆ ಬೀಗರಿಗೆ ಬಡಿಸುತ್ತಿದ್ದ. ಅತ್ತೆ ಆ ಕಡೆ ನೋಡಲಿಲ್ಲ, ಅಳಲೂ ಇಲ್ಲ. ನನ್ನನ್ನು ತನ್ನ ಹಟಕ್ಕೆ ಬಳಸಿಕೊಂಡಿದ್ದಳು ಎಂದು ನನಗೆ ಸಿಟ್ಟು ಬರಬೇಕಿತ್ತು. ಸ್ವಲ್ಪ ಬಂತು ಕೂಡ. ಆದರೆ ಅವತ್ತೇ ಮೊದಲ ಸಲ ನನ್ನ ಹೆಸರು ನನಗೆ ಹಿಡಿಸಿತು. ಹೂವಿನ ಮೆದುತನ ಅದರಲ್ಲಿ ಇರಲಿಲ್ಲ. ಒಬ್ಬ ಹೆಣ್ಣುಮಗಳು ಎದುರುತ್ತರ ಕೊಟ್ಟಿದ್ದಳು, ಅದು ನನ್ನ ಹೆಸರಾಗಿತ್ತು.

ಅಂದಿನಿಂದ ಅರ್ಧ ಹೆಸರಿಗೆ ನಾನು ಓಗೊಡಲಿಲ್ಲ. ಅಜ್ಜಿ ಕೊನೆಯವರೆಗೂ ನನ್ನನ್ನು "ಏ ಹುಡುಗಿ" ಎಂದೇ ಕರೆದಳು. ಆಜಿ ನನಗೆ ಹೇಳಬೇಕಾದ್ದನ್ನು ಅವ್ವನಿಗೆ ಹೇಳತೊಡಗಿದಳು. ಖಾನಾಪುರಕ್ಕೆ ನಾನು ಹೋಗುವುದೂ ಕಡಿಮೆಯಾಯಿತು. ಅತ್ತೆ ಮಾತ್ರ ಎಲ್ಲಿದ್ದರೂ ಪೂರ್ತಿ ಹೆಸರು ಹಿಡಿದು ಕರೆಯುತ್ತಿದ್ದಳು. ಅವರಿಬ್ಬರಲ್ಲಿ ಯಾರಾದರೂ ಎದುರಿಗಿದ್ದರೆ ಇನ್ನೂ ಜೋರಾಗಿ.